ಟಿವಿಗೆ 'ಸಾಫ್ಟ್‌ವೇರ್ ಹೊಡೆಯೋದು' ಅಂದ್ರೆ ಏನು? ಅಪ್‌ಡೇಟ್ ಒತ್ತುವ ಮುನ್ನ ತಿಳಿಯಬೇಕಾದ ಸಂಗತಿಗಳು

ನಮ್ಮ ವಿಜಯಪುರ ಭಾಗದಲ್ಲಿ ಟಿವಿ ವ್ಯಾಪಾರ ವರ್ಷಕ್ಕೆ ಎರಡು ಸಲ ಜೋರಾಗುವುದನ್ನು ನೋಡಿದ್ದೇನೆ. ದೀಪಾವಳಿಗೆ ಒಮ್ಮೆ, ದ್ರಾಕ್ಷಿ ದುಡ್ಡು ಕೈಗೆ ಬಂದಾಗ ಇನ್ನೊಮ್ಮೆ. ತಿಕೋಟಾ, ಬಬಲೇಶ್ವರ ಕಡೆಯವರು ಗಾಂಧಿ ಚೌಕ್ ಸುತ್ತಮುತ್ತಲ ಅಂಗಡಿಗಳಿಗೆ ಬಂದು, ಗಾಡಿ ಮ್ಯಾಲೆ 32 ಇಂಚಿನ ಡಬ್ಬಿ ಅಡ್ಡ ಹಿಡಕೊಂಡು ಹೋಗುತ್ತಾರೆ. ಡಬ್ಬಿ ಮೇಲೆ ದೊಡ್ಡಕ್ಷರದಲ್ಲಿ 'ಸ್ಮಾರ್ಟ್', 'ಆಂಡ್ರಾಯ್ಡ್', 'ಫೋರ್‌ಕೆ ಸಪೋರ್ಟ್' ಎಂದಿರುತ್ತದೆ. ಕಂಪನಿ ಹೆಸರು ಮಾತ್ರ ಎಲ್ಲೂ ಕೇಳಿದ್ದಿರುವುದಿಲ್ಲ.

ಎರಡು-ಮೂರು ವರ್ಷ ಕಳೆದ ಮೇಲೆ ಫೋನ್ ಬರುತ್ತದೆ. "ಟಿವಿ ಭಾಳ ಹ್ಯಾಂಗ್ ಆಗಾಕತ್ತೈತ್ರೀ. ಯೂಟ್ಯೂಬ್ ತಗಿಯವಲ್ದು. ಸಾಫ್ಟ್‌ವೇರ್ ಹೊಡಸ್ಬೇಕು ಅಂತಾರ, ಖರೇನ?"

ಸಾಫ್ಟ್‌ವೇರ್ ಹೊಡೆಯೋದು. ಮೆಕ್ಯಾನಿಕ್‌ಗಳ ಈ ಮಾತು ನನಗೆ ಇಷ್ಟ, ಯಾಕೆಂದರೆ ಕೆಲಸದ ಒರಟುತನ ಅದರಲ್ಲಿ ಸರಿಯಾಗಿ ಬಂದಿದೆ. ಇದನ್ನೇ ಕಂಪನಿಯವರು ಫರ್ಮ್‌ವೇರ್ ಅಪ್‌ಡೇಟ್ ಅನ್ನುತ್ತಾರೆ. ಇದು ಯಾವಾಗ ಬೇಕು, ಯಾವಾಗ ಬೇಡ, ಯಾವಾಗ ಅಪಾಯ ಎಂಬುದಕ್ಕೆ ಒಂದೇ ಉತ್ತರ ಇಲ್ಲ. ಉತ್ತರ ನಿಮ್ಮ ಟಿವಿಯ ಜಾತಿಯ ಮೇಲೆ ನಿಂತಿದೆ.

ಮೊದಲು ಇಷ್ಟು ತಿಳಿಯೋಣ. ಹಳೇ ಡಬ್ಬಾ ಟಿವಿಗೆ ಅಪ್‌ಡೇಟ್ ಎಂಬ ಮಾತೇ ಇರಲಿಲ್ಲ. ಈಗಿನ ಟಿವಿ ಒಂದು ಕಂಪ್ಯೂಟರ್. ಎದುರಿಗೆ ಪ್ಯಾನೆಲ್, ಹಿಂದೆ ಅಂಗೈಯಷ್ಟಗಲದ ಒಂದು ಬೋರ್ಡ್, ಬೋರ್ಡಿನ ಮೇಲೆ ಒಂದು ಪ್ರೊಸೆಸರ್, ಒಂದಿಷ್ಟು ಮೆಮೊರಿ. ಅಗ್ಗದ ಟಿವಿಗಳಲ್ಲಿ ಸಾಮಾನ್ಯವಾಗಿ 1 ಜಿಬಿ ರ‍್ಯಾಮ್, 8 ಜಿಬಿ ಸ್ಟೋರೇಜ್ ಇರುತ್ತದೆ. ಇವತ್ತು ಕೈಯಲ್ಲಿರುವ ಸಾದಾ ಮೊಬೈಲ್‌ಗಿಂತಲೂ ಕಡಿಮೆ. ಆ 8 ಜಿಬಿಯಲ್ಲೇ ಅರ್ಧದಷ್ಟನ್ನು ವ್ಯವಸ್ಥೆ ತಾನೇ ನುಂಗಿಕೊಂಡಿರುತ್ತದೆ. ಪ್ಯಾನೆಲ್ಲಿಗೆ ಚಿತ್ರ ಕಳಿಸುವುದು, ರಿಮೋಟ್ ಮಾತು ಕೇಳುವುದು, ವೈಫೈ ಹಿಡಿಯುವುದು ಎಲ್ಲವನ್ನೂ ನಡೆಸುವ ಮೂಲ ಸಾಫ್ಟ್‌ವೇರೇ ಫರ್ಮ್‌ವೇರ್. ಯೂಟ್ಯೂಬ್, ಜಿಯೋಹಾಟ್‌ಸ್ಟಾರ್ ಇವೆಲ್ಲ ಅದರ ಮೇಲೆ ಕೂತ ಆ್ಯಪ್‌ಗಳು. ಆ್ಯಪ್ ಅಪ್‌ಡೇಟ್ ಅಂದರೆ ಮನೆಗೆ ಹೊಸ ಕುರ್ಚಿ ತಂದಂತೆ. ಫರ್ಮ್‌ವೇರ್ ಅಪ್‌ಡೇಟ್ ಅಂದರೆ ಪಾಯಾ ತೆಗೆದು ಮತ್ತೆ ಹಾಕಿದಂತೆ.

ಹಾಗಾಗಿ "ಹ್ಯಾಂಗ್ ಆಗ್ತದ" ಅಂದ ಕೂಡಲೇ ಪಾಯಾಕ್ಕೆ ಕೈ ಹಚ್ಚಬೇಕಿಲ್ಲ.

ಬಹಳ ಸಲ ಕಾರಣ ತೀರಾ ಸಣ್ಣದಿರುತ್ತದೆ. ತಿಕೋಟಾದಲ್ಲಿರುವ ನಮ್ಮ ಕಾಕಾ ಸಂಜೆ ಹೊತ್ತಿಗೆ ಸಿದ್ಧೇಶ್ವರ ಸ್ವಾಮೀಜಿಯವರ ಪ್ರವಚನ ಹಚ್ಚಿಕೊಂಡು ಕೂರುತ್ತಾರೆ. ಸ್ವಾಮೀಜಿ ಹುಟ್ಟಿದ್ದು ಅದೇ ಭಾಗದ ಬಿಜ್ಜರಗಿಯಲ್ಲಿ. 2023ರ ಜನವರಿ 2ರಂದು ಅವರು ತೀರಿಕೊಂಡ ಮೇಲೆ ನಮ್ಮ ಕಡೆ ಎಷ್ಟೋ ಹಿರಿಯರಿಗೆ ಆ ಪ್ರವಚನ ಕೇಳುವ ಜಾಗ ಅಂದರೆ ಯೂಟ್ಯೂಬ್, ಅದೂ ಟಿವಿಯೊಳಗಿನ ಯೂಟ್ಯೂಬ್. ಒಂದು ದಿನ ಕಾಕಾನ ಫೋನ್: "ವೈಫೈ ಐತಿ ಅಂತ ತೋರಸ್ತೈತಿ, ಒಳಗ ಹೋದ್ರ ನೆಟ್ ಇಲ್ಲ ಅಂತೈತಿ. ಏನ್ ಮಾಡ್ಲೋ ತಮ್ಮಾ?"

"ಕಾಕಾ, ಸೆಟ್ಟಿಂಗ್ಸಿಗೆ ಹೋಗಿ ತಾರೀಖು ಎಷ್ಟೈತಿ ನೋಡ್ರಿ" ಅಂದೆ.

ತಾರೀಖು 2015 ಎಂದಿತ್ತು. ಹಿಂದಿನ ರಾತ್ರಿ ಕರೆಂಟ್ ಹೋಗಿ ಬಂದಿತ್ತು, ಟಿವಿಯ ಗಡಿಯಾರ ಹಿಂದಕ್ಕೆ ಓಡಿತ್ತು. ಇಂಟರ್‌ನೆಟ್‌ನಲ್ಲಿ ಪ್ರತಿ ತಾಣವೂ "ನಾನು ಅಸಲಿ" ಎಂದು ತೋರಿಸಲು ಒಂದು ಪ್ರಮಾಣಪತ್ರ ಇಟ್ಟುಕೊಂಡಿರುತ್ತದೆ. ಅದಕ್ಕೆ ಶುರುವಿನ ದಿನ, ಕೊನೆಯ ದಿನ ಇರುತ್ತದೆ. ಟಿವಿ ತಾನಿನ್ನೂ 2015ರಲ್ಲಿದ್ದೇನೆ ಎಂದುಕೊಂಡರೆ, ಎದುರಿಗಿರುವ ಪ್ರಮಾಣಪತ್ರ ಇನ್ನೂ ಹುಟ್ಟೇ ಇಲ್ಲ ಎಂದು ಬಾಗಿಲು ಹಾಕುತ್ತದೆ. ತಾರೀಖು ಸರಿ ಮಾಡಿದರೆ ಮುಗಿಯಿತು. 'ಆಟೋಮ್ಯಾಟಿಕ್ ಟೈಮ್' ಆನ್ ಮಾಡಿ ಇಡಿ. ಸ್ಟೋರೇಜ್ ತುಂಬಿದ್ದರೆ ಬೇಡದ ಆ್ಯಪ್ ತೆಗೆಯಿರಿ. ಅದಕ್ಕೂ ಬಗ್ಗದಿದ್ದರೆ ಫ್ಯಾಕ್ಟರಿ ರಿಸೆಟ್. ಇಷ್ಟೆಲ್ಲ ಆದ ಮೇಲೆ ಉಳಿದ ಟಿವಿಗಳಿಗೆ ಮಾತ್ರ ಫರ್ಮ್‌ವೇರ್ ಮಾತು.

ನಿಮ್ಮ ಟಿವಿ ಯಾವ ಜಾತಿ?

ಡಬ್ಬಿಯ ಮೇಲೆ 'ಆಂಡ್ರಾಯ್ಡ್' ಎಂದಿರುವುದೆಲ್ಲ ಗೂಗಲ್ ಒಪ್ಪಿದ ಟಿವಿ ಅಲ್ಲ. ಆಂಡ್ರಾಯ್ಡ್‌ನ ಮೂಲ ಸಂಕೇತ ಯಾರು ಬೇಕಾದರೂ ಪುಕ್ಕಟೆ ತೆಗೆದುಕೊಳ್ಳಬಹುದಾದ್ದು. ಅದನ್ನು ತೆಗೆದುಕೊಂಡು, ಮೇಲೊಂದು ಬಣ್ಣಬಣ್ಣದ ಹೋಮ್ ಸ್ಕ್ರೀನ್ ಹಚ್ಚಿ ಮಾರುವವರು ಬಹಳ. ಗೂಗಲ್‌ನ ಪರೀಕ್ಷೆ ಪಾಸಾಗಿ ಬಂದದ್ದು 'ಆಂಡ್ರಾಯ್ಡ್ ಟಿವಿ' ಅಥವಾ 'ಗೂಗಲ್ ಟಿವಿ'. ಇವುಗಳಲ್ಲಿ ಪ್ಲೇ ಸ್ಟೋರ್ ಟಿವಿಗೆಂದೇ ಮಾಡಿದ್ದಿರುತ್ತದೆ. ಇನ್ನೊಂದು ಬಗೆಯಲ್ಲಿ ಮೊಬೈಲ್‌ನ ಪ್ಲೇ ಸ್ಟೋರನ್ನೇ ತಂದು ಕೂರಿಸಿರುತ್ತಾರೆ, ಅಥವಾ ಯಾವುದೋ ಬೇರೆ ಆ್ಯಪ್ ಅಂಗಡಿ ಇರುತ್ತದೆ. ರಿಮೋಟಿನಲ್ಲಿ ಇಲಿಯ ಬಾಣ ಓಡಾಡಿಸಿ ಒತ್ತಬೇಕಾಗುತ್ತದೆ ಅಂದರೆ ಅನುಮಾನ ಪಡಿ. ಮೂರನೆಯ ಗುಂಪು ಎಲ್‌ಜಿಯ ವೆಬ್‌ಓಎಸ್, ಸ್ಯಾಮ್‌ಸಂಗ್‌ನ ಟೈಜನ್, ಹೈಸೆನ್ಸ್‌ನ ವಿಡಾ ಥರದವು. ಇವು ಆಂಡ್ರಾಯ್ಡೇ ಅಲ್ಲ. ಇವುಗಳ ಕತೆ ಸರಳ: ಕಂಪನಿ ಅಪ್‌ಡೇಟ್ ಕಳಿಸಿದರೆ ಹಾಕಿಕೊಳ್ಳಿ, ಅಷ್ಟೇ.

ಗೂಗಲ್ ಒಪ್ಪಿದ ಟಿವಿಯಲ್ಲೂ ದಾರಿ ಹೆಚ್ಚು ಕಡಿಮೆ ಹಾಗೇ. ಸೆಟ್ಟಿಂಗ್ಸ್, ಅಲ್ಲಿ 'ಅಬೌಟ್', ಅಲ್ಲಿ 'ಸಿಸ್ಟಮ್ ಅಪ್‌ಡೇಟ್'. ವೈಫೈ ಮೂಲಕವೇ ಫೈಲ್ ಬರುತ್ತದೆ, ಅದರ ಮೇಲೆ ಕಂಪನಿಯ ಡಿಜಿಟಲ್ ಸಹಿ ಇರುತ್ತದೆ, ಸಹಿ ತಾಳೆಯಾಗದಿದ್ದರೆ ಟಿವಿ ಅದನ್ನು ಒಪ್ಪುವುದಿಲ್ಲ.

ಇಲ್ಲಿ ಒಂದೇ ಎಚ್ಚರಿಕೆ, ಕರೆಂಟ್. ಹೊಸ ಫೋನುಗಳಲ್ಲಿ ವ್ಯವಸ್ಥೆಯ ಎರಡು ಪ್ರತಿ ಇಡುವ ಪದ್ಧತಿ ಬಂದಿದೆ. ಒಂದು ಓಡುತ್ತಿರುವಾಗ ಇನ್ನೊಂದರ ಮೇಲೆ ಹೊಸದು ಬರೆಯುತ್ತದೆ. ಅರ್ಧಕ್ಕೆ ನಿಂತರೆ ಹಳೆಯದರಿಂದಲೇ ಏಳುತ್ತದೆ. 8 ಜಿಬಿಯ ಟಿವಿಯಲ್ಲಿ ಎರಡು ಪ್ರತಿ ಇಡಲು ಜಾಗ ಎಲ್ಲಿಂದ ತರೋದು? ಹಲವು ಅಗ್ಗದ ಟಿವಿಗಳಲ್ಲಿ ಇರುವುದು ಒಂದೇ ಪ್ರತಿ, ಹಳೆಯದರ ಮೇಲೇ ಹೊಸದನ್ನು ಬರೆಯುತ್ತದೆ. ನಡುವೆ ಹೆಸ್ಕಾಂ ಕೈಕೊಟ್ಟರೆ ಅರ್ಧ ಹಳೇದು, ಅರ್ಧ ಹೊಸದು; ಟಿವಿ ಲೋಗೊ ತೋರಿಸಿ ಅಲ್ಲೇ ನಿಲ್ಲುತ್ತದೆ, ಅಥವಾ ಕೆಂಪು ದೀಪ ಬಿಟ್ಟು ಬೇರೇನೂ ಹತ್ತುವುದಿಲ್ಲ. ಸ್ಟೆಬಿಲೈಜರ್ ಇದೆಯಲ್ಲ ಎಂದರೆ ಅದು ವೋಲ್ಟೇಜ್ ಏರಿಳಿತಕ್ಕೆ, ಕರೆಂಟ್ ಹೋದರೆ ಅದೇನು ಮಾಡೀತು? ಇನ್ವರ್ಟರ್ ಇರುವ ಮನೆಯಾದರೆ ಟಿವಿಯ ಪಿನ್ನು ಅದರ ಲೈನಿನಲ್ಲಿದೆಯೇ ನೋಡಿ. ಇಲ್ಲವಾದರೆ ನಿಮ್ಮ ಫೀಡರಿನಲ್ಲಿ ಕರೆಂಟ್ ಗಟ್ಟಿಯಾಗಿರುವ ಹೊತ್ತು ನಿಮಗೇ ಗೊತ್ತಿರುತ್ತದೆ. ಮಳೆಗಾಳಿ ಎದ್ದ ಸಂಜೆ ಮಾತ್ರ ಬೇಡ.

ಪೆನ್‌ಡ್ರೈವ್ ಎಂಬ ಜೂಜು

ಗಂಡಾಂತರ ಶುರುವಾಗುವುದು ಎರಡನೇ ಜಾತಿಯಲ್ಲಿ. ಈ ಟಿವಿಗಳಿಗೆ ವೈಫೈ ಮೂಲಕ ಅಪ್‌ಡೇಟ್ ಬರುವುದು ಅಪರೂಪ. 'ಅಪ್‌ಡೇಟ್' ಬಟನ್ ಇರುತ್ತದೆ, ಒತ್ತಿದರೆ "ಇದೇ ಇತ್ತೀಚಿನದು" ಎಂದು ವರ್ಷಗಟ್ಟಲೆ ಒಂದೇ ಉತ್ತರ. ಆಗ ಜನ ಯೂಟ್ಯೂಬ್‌ನಲ್ಲಿ ಹುಡುಕುತ್ತಾರೆ. ಯಾರೋ ಒಬ್ಬ ಹಿಂದಿಯಲ್ಲಿ ಹೇಳಿಕೊಡುತ್ತಾನೆ: ಕೆಳಗಿನ ಲಿಂಕಿನಿಂದ ಫೈಲ್ ಇಳಿಸಿ, ಪೆನ್‌ಡ್ರೈವನ್ನು ಫ್ಯಾಟ್32 ಮಾಡಿ, ಫೋಲ್ಡರಿನೊಳಗೆ ಹಾಕದೆ ನೇರ ಇಡಿ, ಟಿವಿಯ ಪವರ್ ಬಟನ್ ಒತ್ತಿ ಹಿಡಿದು ಪಿನ್ನು ಹಾಕಿ, ದೀಪ ಮಿಟುಕಿದರೆ ಬಿಡಿ.

ವಿಧಾನ ಸುಳ್ಳಲ್ಲ. ಎಂಸ್ಟಾರ್ ಚಿಪ್ ಇರುವ ಎಷ್ಟೋ ಬೋರ್ಡುಗಳಿಗೆ ಹೀಗೇ ಮಾಡುವುದು, ಮೆಕ್ಯಾನಿಕ್‌ಗಳೂ ಹೀಗೇ ಮಾಡುತ್ತಾರೆ. ಸಮಸ್ಯೆ ಫೈಲಿನದು.

ಬಬಲೇಶ್ವರದ ಒಬ್ಬ ಹುಡುಗ ಹೀಗೆ ಮಾಡಿದ. ಟಿವಿ ಆನ್ ಆಯಿತು, ಚಿತ್ರ ತಲೆಕೆಳಗಾಗಿ ಬಂತು, ರಿಮೋಟ್ ಸತ್ತಿತು. ಅವರ ಅವ್ವ "ಇನ್ ಟಿವಿ ತಿರುವಿ ಹಾಕೇನ್ ನೋಡೂದು?" ಎಂದು ಕೇಳಿದ್ದು ಊರಲ್ಲಿ ಜೋಕಾಗಿದೆ. ಆ ಟಿವಿ ಕೊನೆಗೆ ಬಂದದ್ದು ವಿಜಯಪುರದ ಒಬ್ಬ ರಿಪೇರಿಯವರ ಬಳಿ. ಅವರು ಹಿಂದಿನ ಮುಚ್ಚಳ ಬಿಚ್ಚಿ ತೋರಿಸಿ ಹೇಳಿದ್ದು ನನಗೆ ಯಾವ ಕೈಪಿಡಿಗಿಂತಲೂ ಚೆನ್ನಾಗಿ ಅರ್ಥವಾಯಿತು. "ಸರ, ಮಾಡೆಲ್ ನಂಬರ್ ನೋಡಿ ಸಾಫ್ಟ್‌ವೇರ್ ಹೊಡದ್ರ ಕೆಟ್ಟಿರಿ. ಅದೇ ಮಾಡೆಲ್ ಒಳಗ ಮೂರ್ ನಮೂನಿ ಪ್ಯಾನೆಲ್ ಇರ್ತಾವ."

ವಿಷಯ ಇಷ್ಟು. ಹೆಸರಿಲ್ಲದ ಟಿವಿಗಳನ್ನು ಒಂದು ಕಂಪನಿ ಪೂರಾ ತಾನೇ ಮಾಡುವುದಿಲ್ಲ. ಪ್ಯಾನೆಲ್ ಒಂದು ಕಡೆಯಿಂದ, ಬೋರ್ಡ್ ಇನ್ನೊಂದು ಕಡೆಯಿಂದ ಬರುತ್ತದೆ. ಮೇಲಿನ ಸ್ಟಿಕ್ಕರ್ ಮಾತ್ರ ಕಂಪನಿಯದು. ಮುಂದಿನ ಲಾಟಿನಲ್ಲಿ ಅಗ್ಗದ ಪ್ಯಾನೆಲ್ ಬೇರೆ ಸಿಕ್ಕರೆ ಅದನ್ನೇ ಹಾಕುತ್ತಾರೆ, ಮಾಡೆಲ್ ನಂಬರ್ ಬದಲಿಸುವುದಿಲ್ಲ. ಆದರೆ ಫರ್ಮ್‌ವೇರ್‌ನೊಳಗೆ ಆ ಪ್ಯಾನೆಲ್ಲಿನ ಅಳತೆ, ಚಿತ್ರ ಮೇಲಿಂದ ಬರೆಯಬೇಕೋ ಕೆಳಗಿಂದಲೋ, ಬಣ್ಣದ ಸಂಕೇತಗಳನ್ನು ಯಾವ ಕ್ರಮದಲ್ಲಿ ಕಳಿಸಬೇಕು ಎಲ್ಲವೂ ಬರೆದಿರುತ್ತದೆ. ಅಳತೆ ತಪ್ಪಿದರೆ ಚಿತ್ರ ಎರಡೆರಡಾಗಿ ಒಡೆಯುತ್ತದೆ. ಕ್ರಮ ತಪ್ಪಿದರೆ ಮುಖಗಳು ಹಸಿರು-ನೇರಳೆಯಾಗಿ ಹಳೇ ಫೋಟೋ ನೆಗೆಟಿವ್ ಥರ ಕಾಣುತ್ತವೆ. ದಿಕ್ಕು ತಪ್ಪಿದರೆ ಬಬಲೇಶ್ವರದ ಗತಿ. ರಿಮೋಟಿನ ಸಂಕೇತವೂ ಅದೇ ಫೈಲಿನಲ್ಲಿ ಇರುವುದರಿಂದ ಅದೂ ಕೈಬಿಡುತ್ತದೆ.

ಹಾಗಾದರೆ ಸರಿಯಾದ ಫೈಲ್ ಹುಡುಕುವುದು ಹೇಗೆ? ಮೂರು ನಂಬರ್ ತಾಳೆಯಾಗಬೇಕು: ಹಿಂದಿನ ಸ್ಟಿಕ್ಕರಿನ ಮಾಡೆಲ್ ಮತ್ತು ಸೀರಿಯಲ್ ನಂಬರ್, ಬೋರ್ಡಿನ ಮೇಲೆ ಅಚ್ಚಾಗಿರುವ ನಂಬರ್, ಪ್ಯಾನೆಲ್ಲಿನ ಬೆನ್ನಿಗಂಟಿದ ಚೀಟಿಯ ನಂಬರ್. ಕೊನೆಯೆರಡು ಮುಚ್ಚಳ ಬಿಚ್ಚದೆ ಕಾಣುವುದಿಲ್ಲ. ಮುಚ್ಚಳ ನೀವೇ ಬಿಚ್ಚಬೇಡಿ. ಪವರ್ ಸಪ್ಲೈ ಭಾಗದ ಕೆಪಾಸಿಟರ್‌ನಲ್ಲಿ ಪಿನ್ನು ತೆಗೆದ ಮೇಲೂ ಕರೆಂಟ್ ಉಳಿದಿರುತ್ತದೆ. ಅದೂ ಅಲ್ಲದೆ, ವಾರಂಟಿ ಇದ್ದರೆ ಅಲ್ಲಿಗೆ ಮುಗಿಯಿತು. ಈ ಕೆಲಸ ಬಲ್ಲ ರಿಪೇರಿಯವರು ಮೊದಲು ಮಾಡುವುದು ಹಳೆಯ ಫರ್ಮ್‌ವೇರನ್ನು ಚಿಪ್‌ನಿಂದ ಓದಿ ಕಂಪ್ಯೂಟರಿನಲ್ಲಿ ಇಟ್ಟುಕೊಳ್ಳುವುದು. "ಮೊದ್ಲು ಹಳೇದು ತಗದಿಟ್ಕೊಂಡ್ರೇನು?" ಎಂದು ಕೇಳಿ. ಆ ಪ್ರಶ್ನೆಗೆ ಮುಖ ಸಿಂಡರಿಸಿದವರ ಕೈಗೆ ಟಿವಿ ಕೊಡದಿರುವುದು ಒಳ್ಳೆಯದು.

ಬಬಲೇಶ್ವರದ ಟಿವಿ ಅದೇ ಪ್ಯಾನೆಲ್ಲಿನ ಇನ್ನೊಂದು ಸೆಟ್ಟಿನಿಂದ ತೆಗೆದ ಫೈಲ್ ಹಾಕಿದ ಮೇಲೆ ನೆಟ್ಟಗಾಯಿತು. ಎಲ್ಲರಿಗೂ ಆ ಅದೃಷ್ಟ ಇರುವುದಿಲ್ಲ. ಹೆಚ್ಚಿನವರು ಯುನಿವರ್ಸಲ್ ಬೋರ್ಡ್ ಹಾಕಿಸಿ, ಸ್ಮಾರ್ಟ್ ಟಿವಿಯನ್ನು ಸಾದಾ ಟಿವಿ ಮಾಡಿಕೊಂಡು ಮನೆಗೆ ಒಯ್ಯುತ್ತಾರೆ.

ಹಾಕದೇ ಬಿಟ್ಟರೆ?

"ಹಂಗಾದ್ರ ಅಪ್‌ಡೇಟೇ ಬ್ಯಾಡ" ಅನ್ನುವುದೂ ಸರಿಯಲ್ಲ. ಪ್ರಮಾಣಪತ್ರದ ಮಾತು ಮೇಲೆ ಬಂತಲ್ಲ, ಆ ಪ್ರಮಾಣಪತ್ರಗಳಿಗೆ ಸಹಿ ಹಾಕುವ ಮೂಲ ಸಂಸ್ಥೆಗಳ ಪಟ್ಟಿ ಟಿವಿಯ ಫರ್ಮ್‌ವೇರ್‌ನಲ್ಲೇ ಇರುತ್ತದೆ. ಲೆಟ್ಸ್ ಎನ್‌ಕ್ರಿಪ್ಟ್ ಎಂಬ ಸಂಸ್ಥೆ ಜಗತ್ತಿನ ಲೆಕ್ಕವಿಲ್ಲದಷ್ಟು ತಾಣಗಳಿಗೆ ಪುಕ್ಕಟೆ ಪ್ರಮಾಣಪತ್ರ ಕೊಡುತ್ತದೆ. ಅದು ಆತುಕೊಂಡಿದ್ದ ಹಳೆಯ ಮೂಲ ಸಹಿಯ ಅವಧಿ 2021ರ ಸೆಪ್ಟೆಂಬರ್ 30ಕ್ಕೆ ಮುಗಿಯಿತು. 7.1.1ಕ್ಕಿಂತ ಹಳೆಯ ಆಂಡ್ರಾಯ್ಡ್‌ಗಳಿಗೆ ಹೊಸ ಸಹಿ ಗೊತ್ತಿರಲಿಲ್ಲ. ಅವುಗಳಿಗೆಂದು ಮಾಡಿದ್ದ ತಾತ್ಕಾಲಿಕ ಏರ್ಪಾಡೂ 2024ರಲ್ಲಿ ಮುಗಿಯಿತು. ಪ್ಯಾನೆಲ್ ಗಟ್ಟಿಮುಟ್ಟಾಗಿದ್ದರೂ, ಅಪ್‌ಡೇಟ್ ಇಲ್ಲದ ಟಿವಿ ಒಂದೊಂದೇ ತಾಣಕ್ಕೆ ಅಪರಿಚಿತವಾಗುತ್ತಾ ಹೋಗುವುದು ಹೀಗೆ. ದೊಡ್ಡ ಕಂಪನಿ ಎಂದು ಇದರಿಂದ ತಪ್ಪಿಸಿಕೊಳ್ಳಲಾಗದು. 2019ರ ಡಿಸೆಂಬರ್ 1ರಿಂದ ಸ್ಯಾಮ್‌ಸಂಗ್‌ನ 2010-11ರ ಕೆಲವು ಟಿವಿಗಳಲ್ಲಿ ನೆಟ್‌ಫ್ಲಿಕ್ಸ್ ನಿಂತೇ ಹೋಯಿತು.

ಇದಕ್ಕಿಂತ ದೊಡ್ಡದು ಸುರಕ್ಷತೆಯ ಪ್ರಶ್ನೆ. 2023ರ ಜನವರಿಯಲ್ಲಿ ಕೆನಡಾದ ಡೇನಿಯಲ್ ಮಿಲಿಸಿಕ್ ಎಂಬುವರು ಅಮೆಜಾನ್‌ನಲ್ಲಿ ಕೊಂಡ ಟಿ95 ಎಂಬ ಅಗ್ಗದ ಆಂಡ್ರಾಯ್ಡ್ ಟಿವಿ ಬಾಕ್ಸ್‌ನೊಳಗೆ ಮೊದಲೇ ದುಷ್ಟ ಸಾಫ್ಟ್‌ವೇರ್ ಕೂತಿತ್ತು ಎಂಬುದನ್ನು ಬಯಲು ಮಾಡಿದರು. ಮುಂದೆ 'ಬ್ಯಾಡ್‌ಬಾಕ್ಸ್' ಎಂದು ಹೆಸರಾದ ಜಾಲ ಇದೇ ನಮೂನೆಯದು. 2024ರ ಡಿಸೆಂಬರ್‌ನಲ್ಲಿ ಜರ್ಮನಿಯ ಸೈಬರ್ ಸುರಕ್ಷತಾ ಸಂಸ್ಥೆ ಅಲ್ಲಿನ 30 ಸಾವಿರದಷ್ಟು ಸಾಧನಗಳಿಗೆ ಈ ಜಾಲದೊಂದಿಗಿನ ಸಂಪರ್ಕ ಕತ್ತರಿಸಿತು. 2025ರ ಜೂನ್‌ನಲ್ಲಿ ಅಮೆರಿಕದ ಎಫ್‌ಬಿಐ ಸಾರ್ವಜನಿಕ ಎಚ್ಚರಿಕೆ ಕೊಟ್ಟಿತು. ಮರು ತಿಂಗಳು ಗೂಗಲ್ ಕೋರ್ಟಿಗೆ ಹೋದಾಗ, ಸೋಂಕು ತಗುಲಿದ ಸಾಧನಗಳು ಒಂದು ಕೋಟಿಗಿಂತ ಹೆಚ್ಚು ಎಂದು ಹೇಳಿತು. ಎಲ್ಲವೂ ಗೂಗಲ್ ಒಪ್ಪಿಗೆ ಇಲ್ಲದ ಬರೀ ಆಂಡ್ರಾಯ್ಡ್ ಸಾಧನಗಳು. 'ವೋ1ಡ್' ಎಂಬ ಇನ್ನೊಂದು ಜಾಲದ ಬಗ್ಗೆ ಚೀನಾದ ಎಕ್ಸ್‌ಲ್ಯಾಬ್ ಸಂಶೋಧಕರು 2025ರ ಫೆಬ್ರವರಿಯಲ್ಲಿ ಕೊಟ್ಟ ಲೆಕ್ಕದಲ್ಲಿ ಭಾರತದ ಸಾಧನಗಳೇ ಎರಡು ಲಕ್ಷ ದಾಟಿದ್ದವು. ಅದಕ್ಕೆ ಕೆಲವೇ ದಿನ ಮುಂಚೆ ಇದ್ದದ್ದು ನಾಲ್ಕು ಸಾವಿರದೊಳಗೆ.

ನಮ್ಮ ಮನೆ ಟಿವಿ ಹಿಡಿದು ಯಾರಿಗೇನು ಲಾಭ ಎಂದು ಕೇಳಬಹುದು. ಕಳ್ಳರಿಗೆ ಬೇಕಿರುವುದು ನಿಮ್ಮ ಇಂಟರ್‌ನೆಟ್ ವಿಳಾಸ. ಎಲ್ಲೋ ಕೂತವನು ನಿಮ್ಮ ಟಿವಿಯ ಮೂಲಕ ಹಾದು ವಂಚನೆ ಮಾಡಿದರೆ, ದಾಖಲೆಯಲ್ಲಿ ಉಳಿಯುವುದು ಅವನ ವಿಳಾಸವಲ್ಲ, ತಿಕೋಟಾದ ಒಂದು ಫೈಬರ್ ಕನೆಕ್ಷನ್ನು. ಇದನ್ನು ಬಾಡಿಗೆಗೆ ಕೊಡುವ ದೊಡ್ಡ ದಂಧೆಯೇ ಇದೆ. ಟಿವಿ ನೋಡುವವರಿಗೆ ಇದರ ಸುಳಿವೂ ಸಿಗುವುದಿಲ್ಲ, ಸ್ವಲ್ಪ ನಿಧಾನವಾಗಿದೆ ಅನ್ನಿಸಬಹುದು ಅಷ್ಟೇ.

ಇಲ್ಲೇ ಒಂದು ಕಗ್ಗಂಟು. ರೋಗ ಫರ್ಮ್‌ವೇರ್‌ನಲ್ಲೇ ಕೂತು ಬಂದಿದ್ದರೆ ಫ್ಯಾಕ್ಟರಿ ರಿಸೆಟ್ ಅದನ್ನು ಮುಟ್ಟುವುದಿಲ್ಲ. ರಿಸೆಟ್ ಅಳಿಸುವುದು ನಿಮ್ಮ ಆ್ಯಪ್, ಖಾತೆಗಳನ್ನು ಮಾತ್ರ. ಯಾರೋ ಕಳಿಸುವ ಅಪ್‌ಡೇಟ್ ರೋಗವನ್ನು ತೆಗೆಯಲೂಬಹುದು, ತರಲೂಬಹುದು. ಸಹಿ ಯಾರದೆಂದೇ ಗೊತ್ತಿಲ್ಲದ ಫೈಲಿಗೆ ನಂಬಿಕೆ ಎಲ್ಲಿಂದ ಬರಬೇಕು? ಹಾಗಾಗಿ ಈ ಜಾತಿಯ ಟಿವಿ ಇದ್ದವರಿಗೆ ನಾನು ಹೇಳುವುದು: ವೈಫೈ ಪಾಸ್‌ವರ್ಡ್ ಮರೆಸಿ. ಗೂಗಲ್ ಖಾತೆ ತೆಗೆಯಿರಿ. ಒಳ್ಳೆ ಕಂಪನಿಯ, ಗೂಗಲ್ ಅಥವಾ ಅಮೆಜಾನ್‌ನ ಒಂದು ಸ್ಟಿಕ್ಕನ್ನು ಎಚ್‌ಡಿಎಂಐ ರಂಧ್ರಕ್ಕೆ ಸಿಕ್ಕಿಸಿ. ಟಿವಿ ಬರೀ ಪರದೆಯಾಗುತ್ತದೆ, ಅಪ್‌ಡೇಟ್ ಚಿಂತೆ ಸ್ಟಿಕ್ಕಿಗೆ ಹೋಗುತ್ತದೆ. ಕಾಕಾನ ಮನೆಯಲ್ಲಿ ಈಗ ಇರುವುದು ಇದೇ ಏರ್ಪಾಡು. ಖರ್ಚು ಬಂತು, ನಿಜ. ಟಿವಿ ಕೊಂಡಾಗ ಉಳಿಸಿದ ದುಡ್ಡಿನಲ್ಲಿ ಒಂದು ಪಾಲು ಅಲ್ಲಿಗೆ ಹೋಯಿತು.

ಡಬ್ಬಿ ಮೇಲೆ ಇಲ್ಲದ ತಾರೀಖು

ಗೋಧಿಹಿಟ್ಟಿನ ಪೊಟ್ಟಣದ ಮೇಲೂ ಇಂತಿಷ್ಟು ದಿನ ಬಳಸಿ ಎಂದು ಬರೆದಿರುತ್ತದೆ. ಟಿವಿಯ ಡಬ್ಬಿ ಮೇಲೆ ಎಂಆರ್‌ಪಿ ಇದೆ, ವಿದ್ಯುತ್ ನಕ್ಷತ್ರಗಳಿವೆ, ಬಿಐಎಸ್ ನೋಂದಣಿ ನಂಬರ್ ಇದೆ. ಬಿಐಎಸ್‌ನ ಆ ಪರೀಕ್ಷೆ ಶಾಕ್ ಹೊಡೆಯದಂತೆ, ಬೆಂಕಿ ಹತ್ತದಂತೆ ನೋಡುವ ವಿದ್ಯುತ್ ಸುರಕ್ಷತೆಯದ್ದು. ಒಳಗಿನ ಸಾಫ್ಟ್‌ವೇರ್ ಎಷ್ಟು ವರ್ಷ ಬದುಕುತ್ತದೆ ಎಂದು ಎಲ್ಲೂ ಇಲ್ಲ.

ಮಾಡಲು ಬರುವುದಿಲ್ಲ ಎಂದಲ್ಲ. ಬ್ರಿಟನ್‌ನಲ್ಲಿ 2024ರ ಏಪ್ರಿಲ್ 29ರಿಂದ ಇಂಟರ್‌ನೆಟ್‌ಗೆ ಸೇರುವ ಮನೆಬಳಕೆಯ ಸಾಧನ ಮಾರುವವರು ಸುರಕ್ಷತಾ ಅಪ್‌ಡೇಟ್ ಕನಿಷ್ಠ ಎಲ್ಲಿಯವರೆಗೆ ಎಂದು ಹೇಳಲೇಬೇಕು. ಯುರೋಪಿನ ಹೊಸ ಕಾನೂನು 2027ರ ಡಿಸೆಂಬರ್‌ನಿಂದ ಪೂರ್ತಿ ಜಾರಿಗೆ ಬಂದಾಗ ಸಾಮಾನ್ಯವಾಗಿ ಐದು ವರ್ಷದ ಬೆಂಬಲ ಕಡ್ಡಾಯ. ನಮ್ಮಲ್ಲೇ ನೋಡಿ: 2025ರ ಏಪ್ರಿಲ್‌ನಿಂದ ಸಿಸಿಟಿವಿ ಕ್ಯಾಮೆರಾಗಳಿಗೆ ಸಾಫ್ಟ್‌ವೇರ್ ಸುರಕ್ಷತಾ ಪರೀಕ್ಷೆ ಕಡ್ಡಾಯವಾಗಿದೆ. ಗೇಟಿನ ಕ್ಯಾಮೆರಾಕ್ಕೆ ಇರುವ ನಿಯಮ ಪಡಸಾಲೆಯ ಟಿವಿಗೆ ಯಾಕಿಲ್ಲ? 2025ರ ಸೆಪ್ಟೆಂಬರ್ 22ರಿಂದ 32 ಇಂಚಿಗಿಂತ ದೊಡ್ಡ ಟಿವಿಗಳ ಜಿಎಸ್‌ಟಿ 28ರಿಂದ 18 ಪರ್ಸೆಂಟಿಗೆ ಇಳಿಯಿತು. ಅದಕ್ಕೂ ಮುಂಚೆ, ಏಪ್ರಿಲ್‌ನಲ್ಲಿ, ಆಂಡ್ರಾಯ್ಡ್ ಟಿವಿ ಪ್ರಕರಣದಲ್ಲಿ ಗೂಗಲ್ 20.24 ಕೋಟಿ ರೂಪಾಯಿ ಕಟ್ಟಿ ಸ್ಪರ್ಧಾ ಆಯೋಗದ ಮುಂದೆ ಇತ್ಯರ್ಥ ಮಾಡಿಕೊಂಡಿತು. ಟಿವಿ ಕಂಪನಿಗಳಿಗೆ ಪ್ಲೇ ಸ್ಟೋರನ್ನು ಬಿಡಿಯಾಗಿ ಪಡೆಯುವ ದಾರಿ ತೆರೆಯಿತು. ಬೆಲೆಯ ಮಾತು, ಕಂಪನಿಗಳ ಸ್ಪರ್ಧೆಯ ಮಾತು ಎರಡೂ ಆದವು. ಕೊಂಡವರ ಟಿವಿ ಎಷ್ಟು ದಿನ ನಡೆಯಬೇಕು ಎಂಬ ಮಾತು ಇನ್ನೂ ಬಾಕಿ. ಗ್ರಾಹಕ ವ್ಯವಹಾರ ಇಲಾಖೆ 2022ರ ಡಿಸೆಂಬರ್‌ನಲ್ಲಿ 'ರಿಪೇರಿ ಹಕ್ಕಿನ' ಪೋರ್ಟಲ್ ತೆರೆದಿದೆ. ಅಲ್ಲಿ ಹೆಸರು ಕಾಣುವುದು ತಾವಾಗಿ ಬಂದ ಕಂಪನಿಗಳದು. ಹೆಸರೇ ಕೇಳದ ಕಂಪನಿ ಅಲ್ಲಿ ಯಾಕೆ ಬಂದೀತು?

ಸದ್ಯಕ್ಕೆ ಕೈಯಲ್ಲಿರುವುದು ಗ್ರಾಹಕ ಸಂರಕ್ಷಣಾ ಕಾಯ್ದೆ, 2019. ಕಂಪನಿಯೇ ಕಳಿಸಿದ ಅಪ್‌ಡೇಟ್‌ನಿಂದ ಟಿವಿ ಕೆಟ್ಟರೆ, ಅಥವಾ 'ಆಂಡ್ರಾಯ್ಡ್ ಟಿವಿ' ಎಂದು ಮಾರಿ ಬೇರೇನೋ ಕೊಟ್ಟಿದ್ದರೆ, ಮೊದಲು 1915ಕ್ಕೆ ಫೋನ್ ಮಾಡಿ. ಅಲ್ಲಿ ಬಗೆಹರಿಯದಿದ್ದರೆ ವಿಜಯಪುರದಲ್ಲೇ ಜಿಲ್ಲಾ ಗ್ರಾಹಕ ಆಯೋಗವಿದೆ. ಐದು ಲಕ್ಷದವರೆಗಿನ ಖರೀದಿಗೆ ಶುಲ್ಕವಿಲ್ಲ, ಆನ್‌ಲೈನ್‌ನಲ್ಲಿ ಕೊಂಡಿದ್ದರೂ ನೀವಿರುವ ಜಿಲ್ಲೆಯಲ್ಲೇ ದೂರು ಕೊಡಬಹುದು, ಎರಡು ವರ್ಷದೊಳಗೆ ಕೊಡಬೇಕು. ಬಿಲ್ ಇರಬೇಕು. "ಬಿಲ್ ಬ್ಯಾಡಂದ್ರ ಐನೂರು ಕಮ್ಮಿ ಮಾಡ್ತೀನ್ರೀ" ಎಂಬ ಮಾತಿಗೆ ಒಪ್ಪಿಕೊಂಡವರ ದೂರು ಅಲ್ಲೇ ಕುಂಟುತ್ತದೆ.

ಈ ದೀಪಾವಳಿಗೆ ಕೊಳ್ಳುವವರು ಅಂಗಡಿಯಲ್ಲೇ ಡಬ್ಬಿ ಬಿಚ್ಚಿಸಿ, ಟಿವಿ ಹಚ್ಚಿಸಿ. ಪ್ಲೇ ಸ್ಟೋರ್ ತೆಗೆಸಿ ನೋಡಿ. 'ಅಬೌಟ್'ಗೆ ಹೋಗಿ ಆಂಡ್ರಾಯ್ಡ್ ಎಷ್ಟನೆಯದು, ಸೆಕ್ಯುರಿಟಿ ಪ್ಯಾಚ್‌ನ ತಾರೀಖು ಯಾವ ವರ್ಷದ್ದು ಓದಿ. ಹೊಸ ಟಿವಿಯಲ್ಲಿ ನಾಲ್ಕು ವರ್ಷ ಹಿಂದಿನ ತಾರೀಖು ಕಂಡರೆ ಅಂಗಡಿಯವರ ಉತ್ತರ ಕೇಳುವ ಮೊದಲೇ ಉತ್ತರ ಸಿಕ್ಕಂತೆ. ಗೋಡೆಗೆ ಹಾಕುವ ಮುಂಚೆ ಹಿಂದಿನ ಸ್ಟಿಕ್ಕರಿನ ಫೋಟೋ ತೆಗೆದು, ಬಿಲ್ಲಿನ ಫೋಟೋ ಜೊತೆ ಮನೆಯ ಇಬ್ಬರ ಮೊಬೈಲಿನಲ್ಲಿ ಇಡಿ. ಗೋಡೆಗೆ ಬಿಗಿದ ಮೇಲೆ ಆ ನಂಬರ್ ಓದಲು ಟಿವಿಯನ್ನೇ ಇಳಿಸಬೇಕಾಗುತ್ತದೆ.